ಮಲತಾಯಿಯ ಹುಬ್ಬು

ವನಮಾಲಾ ಕನ್ನಡಿ ನೋಡಿಕೊಂಡು ಹುಬ್ಬು ಗಂಟಿಕ್ಕಿದಳು... ಕಂಡದ್ದನ್ನು ಹಾಗೆಯೇ ಕಾಗದಕ್ಕಿಳಿಸಿದಳು.

ಮಕ್ಕಳ ಜಾನಪದ ಕಥೆಗಳಿಗೆ ಜಲವರ್ಣದಲ್ಲಿ ಚಿತ್ರ ಬರೆಯುವುದು ಅವಳ ಕೆಲಸ. ಕೋಪವಿರಲಿ, ಅಳುವಿರಲಿ, ಮೊದಲು ಕನ್ನಡಿಯ ಮುಂದೆ ತಾನೇ ಮಾಡಿ ನೋಡಿಕೊಳ್ಳುವುದು ಅಭ್ಯಾಸ.

ಈ ಸಲದ ಕಥೆಯಲ್ಲಿ ಮಲತಾಯಿಯೊಬ್ಬಳು ಪುಟ್ಟ ಹುಡುಗಿಯ ಕೈಗೆ ತೂತು ಕೊಡ ಕೊಟ್ಟು ನೀರಿಗೆ ಅಟ್ಟುತ್ತಾಳೆ.

ಅದನ್ನು ಕೇಳಿ ನಾದಿನಿ ಫೋನಿನಲ್ಲಿ ನಕ್ಕಿದ್ದಳು. "ಮಲತಾಯಿ ಚಿತ್ರ ಬರಿಯೋಕೆ ನೀವು ಬೇರೆಯವರ ಮನೆಗೆ ಹೋಗ್ಬೇಕಾಗಿಲ್ಲ ಬಿಡಿ ಅತ್ತಿಗೆ."

ವನಮಾಲಾಳೂ ನಕ್ಕಿದ್ದಳು... ಆದರೆ ಮಾತು ಮುಳ್ಳಿನಂತೆ ಒಳಗೇ ಉಳಿದಿತ್ತು.

ಅವಳು ಈ ಮನೆಗೆ ಎರಡನೇ ಹೆಂಡತಿಯಾಗಿ ಬಂದವಳು. ಗಂಡನ ಮೊದಲ ಹೆಂಡತಿಯ ಮಗಳು ಪ್ರಣತಿಗೆ ಈಗ ಹನ್ನೊಂದು.

ಪ್ರಣತಿ ಅವಳ ಕೈಲಿ ಜಡೆ ಹಾಕಿಸಿಕೊಳ್ಳುತ್ತಾಳೆ, ಪಕ್ಕದಲ್ಲಿ ಕೂತು ಬಣ್ಣ ಕಲಿಯುತ್ತಾಳೆ... ಕರೆಯುವುದು ಮಾತ್ರ "ಆಂಟಿ" ಎಂದೇ.

ಒಂದು ದಿನ "ಅಮ್ಮ" ಅಂದಾಳು ಎಂದು ವನಮಾಲಾ ಕಾಯುತ್ತಲೇ ಇದ್ದಳು.

ಕುಕ್ಕರ್ ಕೂಗಿತು. ಒಲೆ ಆರಿಸಿ ಬಂದು ನೋಡಿದರೆ... ಚಿತ್ರದಲ್ಲಿ ಮಲತಾಯಿಯ ಮುಖವೇ ಇಲ್ಲ.

ಮುಖವಿದ್ದ ಜಾಗದಲ್ಲಿ ಮಸುಕು ಕಲೆ. ಪಕ್ಕದಲ್ಲಿ ಪ್ರಣತಿ... ಕೈಯಲ್ಲಿ ಒದ್ದೆ ಬ್ರಶ್, ಹತ್ತಿಯ ಉಂಡೆ.

ಬಣ್ಣ ಹಸಿಯಿರುವಾಗಲೇ ನೀರು ಸವರಿ, ಹತ್ತಿಯಿಂದ ಒತ್ತಿ ತೆಗೆಯುವುದನ್ನು ಅವಳಿಗೆ ಕಲಿಸಿದ್ದು ವನಮಾಲಾಳೇ.

ನನ್ನ ಮೇಲಿನ ಸಿಟ್ಟನ್ನೆಲ್ಲ ಇಲ್ಲಿ ತೀರಿಸಿಕೊಂಡಳೇ...

ಯಾಕೆ ಅಳಿಸಿದೆ ಎಂದು ವನಮಾಲಾ ಕೇಳಿದಳು.

ಹುಡುಗಿ ತಲೆ ತಗ್ಗಿಸಿದಳು. "ಅದು ನಿಮ್ ಮುಖ ಆಂಟಿ. ಹುಬ್ಬು, ಮೂಗುಬೊಟ್ಟು ಎಲ್ಲಾ ನಿಮ್ದೇ. ಈ ಪುಸ್ತಕ ನಮ್ ಸ್ಕೂಲ್ ಲೈಬ್ರರಿಗೂ ಬರತ್ತೆ... ಎಲ್ರೂ ನೀವು ಹಂಗೇ ಅಂದ್ಕೋತಾರೆ. ನೀವು ಹಂಗಿಲ್ವಲ್ಲ."

ವನಮಾಲಾ ಕನ್ನಡಿಯತ್ತ ತಿರುಗಿದಳು.

ಹೌದು... ಮಲತಾಯಿಯನ್ನು ಬರೆಯಹೋಗಿ ಅವಳು ತನ್ನನ್ನೇ ಬರೆದಿದ್ದಳು. ಜನರ ಮಾತನ್ನು ತಾನೇ ನಂಬಿಬಿಟ್ಟಿದ್ದಳು. ನಂಬದೇ ಇದ್ದದ್ದು ಈ ಮಗು ಒಂದೇ.

ಕಣ್ಣು ತುಂಬಿ ಬಂತು. ಎಂದಿನಿಂದಲೋ ಬಿಗಿಹಿಡಿದಿದ್ದ ಉಸಿರು ಮೆಲ್ಲಗೆ ಹೊರಬಂತು.

ಹಾಗಾದರೆ ಇವಳಿಗೆ ಯಾರ ಮೂಗು ಹಾಕೋಣ ಎಂದು ಕಣ್ಣೊರೆಸಿಕೊಳ್ಳುತ್ತಾ ಕೇಳಿದಳು.

ಪ್ರಣತಿ ಗಂಭೀರವಾಗಿ ಯೋಚಿಸಿದಳು. "ಫೋನಲ್ಲಿ ನಕ್ರಲ್ಲ, ಆ ಅತ್ತೆದು ಹಾಕಿ. ಸರಿಹೋಗತ್ತೆ."

ಇಬ್ಬರೂ ಹೊಟ್ಟೆ ಹಿಡಿದುಕೊಂಡು ನಕ್ಕರು.

ನೀರು ಬದಲಾಯಿಸಿ ತರುತ್ತೇನೆ ಆಂಟಿ ಎಂದು ಹುಡುಗಿ ಬಣ್ಣದ ಲೋಟ ಹಿಡಿದು ಹೋದಳು.

"ಆಂಟಿ"... ಈ ಸಲ ಅದು ಚುಚ್ಚಲಿಲ್ಲ.

"ಅಮ್ಮ" ಎಂಬ ಮಾತಿಗಾಗಿ ಇನ್ನು ಕಾಯುವುದಿಲ್ಲ ಎಂದು ವನಮಾಲಾ ಅಲ್ಲೇ ತೀರ್ಮಾನಿಸಿದಳು.

ಪ್ರೀತಿ ಬಾಯಿಗೆ ಬರುವುದಕ್ಕೆ ಎಷ್ಟೋ ಮೊದಲೇ ಕೈಗೆ ಬಂದಿರುತ್ತದೆ.

ಬಾಯಿಬಿಟ್ಟು ಹೇಳಲಿಲ್ಲ ಎಂಬ ಕಾರಣಕ್ಕೆ, ನಿಮ್ಮ ಮನೆಯಲ್ಲಿ ಯಾರ ಪ್ರೀತಿ ಇನ್ನೂ ನಿಮ್ಮ ಕಣ್ಣಿಗೆ ಬಿದ್ದಿಲ್ಲ...?