ಸರ್ತ ಮಾಡಿದ ಇಗರ್ಜಿ

“ಏನ್ರೀ ಕೊಗ್ಗ, ಬಲಿಪೀಠದ ಕಡೆ ಗೋಡೆ ನೇರ ಮಾಡ್ಬಿಟ್ರಲ್ಲ!” ಎಂಜಿನಿಯರ್ ಶ್ಯಾಮಸುಂದರ ನಕ್ಷೆಗಾರ ಕೊಗ್ಗ ಬರೆದ ನಕ್ಷೆ ನೋಡಿ ನಿಟ್ಟುಸಿರಿಟ್ಟರು.

“ಸೊಟ್ಟ ಇತ್ತು ಸಾರ್. ಸರ್ತ ಮಾಡಿದೆ.”

ಎಣ್ಣೆ ಬೆಲೆ ಕುಸಿದು ಕೊಲ್ಲಿ ನಾಡಿನ ರೂವಿಯಲ್ಲಿದ್ದ ಅವರ ಕಟ್ಟಡ ಕಂಪನಿಯ ಆಫೀಸು ಮುಚ್ಚುತ್ತಿತ್ತು. ಊರಿಗೆ ಹೊರಟಿದ್ದ ಇಂಗ್ಲಿಷ್ ಮಾಲೀಕನಿಗೆ ಅವನೂರಿನ ಹಳೆಯ ಇಗರ್ಜಿಯ, ಅಂದರೆ ಚರ್ಚಿನ, ನಕ್ಷೆ ಬರೆದುಕೊಡುವುದೇ ಇವರಿಬ್ಬರ ಕೊನೆಯ ಕೆಲಸ.

“ಅದು ಇರೋದೇ ಸೊಟ್ಟ ಕಣ್ರೀ. ಅರ್ಧ ಕಟ್ಟಿದವರು ಪ್ಲೇಗಿಗೆ ಸತ್ತು ಹೋದ್ರಂತೆ. ಎಷ್ಟೋ ವರ್ಷ ಆದ್ಮೇಲೆ ಬಂದವರಿಗೆ ಅಳತೆ ಹೇಳೋಕೆ ಯಾರೂ ಇರ್ಲಿಲ್ಲ.”

ಕೊಗ್ಗ ಮಸಿಯ ಗೆರೆಯನ್ನು ಬ್ಲೇಡಿನಿಂದ ಕೆರೆದು, ಗೋಡೆಯನ್ನು ಮತ್ತೆ ಸೊಟ್ಟಗೆ ಎಳೆದರು. ಆಮೇಲೆ ಸುವೈಕ್‌ನಲ್ಲಿ ಇದೇ ಕಂಪನಿ ಕಟ್ಟುತ್ತಿದ್ದು ಅರ್ಧಕ್ಕೇ ನಿಂತ ಆಸ್ಪತ್ರೆಯ ನಕ್ಷೆ ಬಿಡಿಸಿ, ಇನ್ನೂ ಏಳದ ಗೋಡೆಗಳ ಅಳತೆ ಬರೆಯತೊಡಗಿದರು.

“ಅದ್ಯಾಕ್ರೀ ಈಗ? ಖಲಾಸ್ ಆಯ್ತಲ್ಲ.”

“ಮುಂದೆ ಬರುವವರು ಕೇಳ್ಲಿಕ್ಕೆ ನಾವು ಇರುದಿಲ್ಲ ಅಲ್ವಾ ಸಾರ್.”