ಬೃಹದಂತ್ರಾಂತರ್ದರ್ಶನ

ದೊಡ್ಡಕರುಳಿನ ಪರೀಕ್ಷೆಗೆ ಬಂದವರಿಂದ ಒಪ್ಪಿಗೆಯ ಸಹಿ ಹಾಕಿಸುವುದು ಸಿಸ್ಟರ್ ಫಿಲೋಮಿನಾಳ ಕೆಲಸ. ಮೊದಲೆಲ್ಲ ಅವಳು, "ಹಿಂದಿನಿಂದ ಕ್ಯಾಮೆರಾ ಇರೋ ಪೈಪು ಹಾಕ್ತಾರೆ" ಎಂದು ಹೇಳಿ ಮುಗಿಸುವಷ್ಟರಲ್ಲಿ ಅರ್ಧ ಜನ ಎದ್ದು ಹೋಗುತ್ತಿದ್ದರು. ಈ ವರ್ಷ ಕನ್ನಡದ ಹೊಸ ಫಾರಂ ಬಂತು. ಅದರಲ್ಲಿ ಪರೀಕ್ಷೆಯ ಹೆಸರು 'ಬೃಹದಂತ್ರಾಂತರ್ದರ್ಶನ' ಎಂದಿತ್ತು. ದರ್ಶನವೆಂದ ಮೇಲೆ ಒಳ್ಳೆಯದೇ ಇರಬೇಕೆಂದು ಜನ ಕಣ್ಣುಮುಚ್ಚಿ ಸಹಿ ಹಾಕತೊಡಗಿದರು. ವಿವರಿಸಲು ಹೋದರೆ, "ಎಲ್ಲ ಬರೆದಿದ್ಯಲ್ಲ ಸಿಸ್ಟರ್" ಎನ್ನುತ್ತಿದ್ದರು.

ಒಂದು ಸೋಮವಾರ ನಿವೃತ್ತ ಕನ್ನಡ ಪ್ರಾಧ್ಯಾಪಕರೊಬ್ಬರು ಬಂದರು. ಫಾರಂ ನೋಡುತ್ತಲೇ ಅವರ ಮುಖ ಅರಳಿತು.

"ಈ ಪದ ಯಾರದ್ದು ಗೊತ್ತೇನಮ್ಮ?"

"ಯಾರೋ ಪುಣ್ಯಾತ್ಮರದ್ದು ಸರ್. ಇದು ಬಂದ್ಮೇಲೆ ಒಬ್ರೂ ಹೆದರಿಲ್ಲ."

"ನಂದೇ! ಪರಿಭಾಷಾ ಸಮಿತೀಲಿ ಮೂರು ದಿನ ಜಗಳ ಆಡಿ ಒಪ್ಪಿಸಿದ್ದು. ಒಂದಕ್ಷರಾನೂ ದಂಡ ಇಲ್ಲ."

"ಹಾಗಾದ್ರೆ ನಿಮಗೆ ನಾನು ಅರ್ಥ ಹೇಳೋದೇ ಬೇಡ. ಇಲ್ಲಿ ಸಹಿ ಹಾಕಿ ಸರ್."

"ನಾನೇ ಹೇಳ್ತೀನಿ ಕೇಳು. ಬೃಹದಂತ್ರ ಅಂದ್ರೆ ದೊಡ್ಡಕರುಳು. ಅಂತರ್ದರ್ಶನ ಅಂದ್ರೆ ಒಳಗೆ ಹೊಕ್ಕು..."

ಪ್ರಾಧ್ಯಾಪಕರ ಕಣ್ಣು ಬಾಗಿಲ ಕಡೆ ಹೊರಳಿತು. ಪೆನ್ನು ಹಿಡಿದ ಕೈ ಕಾಗದದ ಮೇಲೆ ಇಳಿಯಲಿಲ್ಲ.

"ಯೋಚ್ನೆ ಮಾಡಿ ಹಾಕಿ ಸರ್, ಅವಸರ ಇಲ್ಲ" ಎಂದು ಫಿಲೋಮಿನಾ ಒಳಗೆ ಹೋಗಿ ಗೌನು ತರುವಷ್ಟರಲ್ಲಿ ಕುರ್ಚಿ ಖಾಲಿಯಾಗಿತ್ತು. ಪ್ರಾಧ್ಯಾಪಕರು ಚಪ್ಪಲಿಯನ್ನೂ ಬಿಟ್ಟು ಆಸ್ಪತ್ರೆಯ ಗೇಟು ದಾಟುತ್ತಿದ್ದರು.