ನಾವೇ ವಾರಸುದಾರರು

ಕೋರ್ಟಿನ ನೋಟೀಸನ್ನು ಸೂಗಮ್ಮ ಎರಡನೇ ಸಲ ಓದುತ್ತಿದ್ದಳು. ಭಾವ ಬಸವಂತ್ರಾಯ ಬಂದವನೇ ಅದನ್ನು ಕಸಿದುಕೊಂಡ.

ಅವನ ಕಣ್ಣಿಗೆ ಬಿದ್ದದ್ದು ಮೂರೇ ಮಾತು: ಸತ್ತ ತಮ್ಮ ಖಂಡಪ್ಪನ ಹೆಸರು, ವಾರಸುದಾರರು, ಪರಿಹಾರ ಹದಿನಾರು ಲಕ್ಷ. ಅಷ್ಟು ಸಾಕಾಯಿತು. ಮಿಕ್ಕದ್ದನ್ನು ಓದಿಸಲು ವಕೀಲನ ಬಳಿ ಹೋದರೆ ಅವನಿಗೂ ಪಾಲು ಕೊಡಬೇಕಲ್ಲ!

“ಪೂರಾ ಓದ್ರಿ ಭಾವಾರ,” ಎಂದಳು ಸೂಗಮ್ಮ.

“ನೀ ನನಗ ಓದಾಕ ಕಲಸ್ತಿ? ವಾರಸುದಾರರು ಅಂತ ಬರದಾರ. ಉಡಿಕ್ಯಾದಾಕಿ ಅಂತ ಬರದಿಲ್ಲ.”

ಮೊದಲ ಗಂಡ ತೀರಿಕೊಂಡಿದ್ದ ಸೂಗಮ್ಮನಿಗೆ ಖಂಡಪ್ಪ ಹೊಸ ಸೀರೆ ಉಡಿಸಿ, ಉಡಿಕಿ ಮಾಡಿಕೊಂಡು ಒಂಬತ್ತು ವರ್ಷವಾಗಿತ್ತು. ಮಕ್ಕಳಾಗಿರಲಿಲ್ಲ. ಒಂಬತ್ತು ವರ್ಷ ಅವಳು ಬಡಿದ ರೊಟ್ಟಿ ತಿಂದ ಬಸವಂತ್ರಾಯನಿಗೆ, ತಮ್ಮನನ್ನು ಮಣ್ಣು ಮಾಡಿದ ಮರುವಾರ ಜ್ಞಾನೋದಯವಾಯಿತು. ಉಡಿಕಿ ಅಂದರೆ ಮದುವೆಯೇ ಅಲ್ಲವಂತೆ. ಗಾಳಿ ಬಂದಾಗ ತೂರಿಕೊಳ್ಳುವುದು, ಅವನಿಗೆ ಬರುತ್ತಿದ್ದ ಒಕ್ಕಲುತನ ಅದೊಂದೇ. ಕಾಲುವೆ ನೀರಿನ ನಾಲ್ಕು ಎಕರೆ ಗದ್ದೆ, ಮನೆ, ಟ್ರ್ಯಾಕ್ಟರು ಎಲ್ಲ ಅವನಿಗೂ ಕಿರಿಯ ತಮ್ಮ ಈಶಪ್ಪನಿಗೂ ಸೇರಿದವು. ಸೂಗಮ್ಮನಿಗೆ ದನದ ಕೊಟ್ಟಿಗೆ. ಅವಳು ಊರ ಹಿರಿಯರ ಮುಂದೆ ಕೇಳಿದ್ದು ಒಂದೇ: “ಹೊಲ ಬ್ಯಾಡ್ರಿ. ನಾ ಅವನ ಹೇಂತಿ ಅಂತ ಒಂದ್ ಮಾತು ಅನ್ರಿ.” ಒಬ್ಬನೂ ಅನ್ನಲಿಲ್ಲ.

ಅಪಘಾತ ನಡೆದದ್ದು ವಡಗೇರಾ ರಸ್ತೆಯಲ್ಲಿ. ಭತ್ತದ ಚೀಲ ಹೇರಿದ್ದ ಖಂಡಪ್ಪನ ಟ್ರ್ಯಾಕ್ಟರು, ಎದುರಿನಿಂದ ಒಬ್ಬ ಮಾಸ್ತರರ ಬೈಕು. ಟ್ರ್ಯಾಕ್ಟರು ಕಾಲುವೆಗೆ ಉರುಳಿತು. ಇಬ್ಬರೂ ಉಳಿಯಲಿಲ್ಲ.

ಬಸವಂತ್ರಾಯ ಛಾಪಾ ಕಾಗದದ ಮೇಲೆ ಬರೆಸಿದ: ಸೂಗಮ್ಮ ನಮ್ಮ ಮನೆತನದವಳಲ್ಲ, ಖಂಡಪ್ಪನಿಗೆ ಸಂಬಂಧಿಸಿದ ಎಲ್ಲದಕ್ಕೂ ನಾವಿಬ್ಬರೇ ವಾರಸುದಾರರು. ಉಡಿಕಿಯ ದಿನ ಹೋಳಿಗೆ ಉಂಡಿದ್ದ ಇಬ್ಬರು ಹಿರಿಯರೇ ಅದಕ್ಕೆ ಸಾಕ್ಷಿಯಾಗಿ ಹೆಬ್ಬೆಟ್ಟು ಒತ್ತಿದರು. ಈ ಸಲ ಕೋಳಿ ಊಟ. ಥೂ, ಹಿರಿಯರಂತೆ!

ಶಹಾಪುರದ ಕೋರ್ಟಿನ ಪಡಸಾಲೆಯಲ್ಲಿ ಮಾಸ್ತರರ ಹೆಂಡತಿ ಗೌಹರಬೇಗಂ ಮಗಳೊಡನೆ ಕೂತಿದ್ದಳು. ಇಸ್ತ್ರಿ ಅಂಗಿಯ ಬಸವಂತ್ರಾಯನಿಗೆ ಅವಳ ಮೇಲೆ ಕರುಣೆ ಬಂತು. ಪುಕ್ಕಟೆ ಕರುಣೆಗೆ ಅವನಲ್ಲಿ ಎಂದೂ ಬರ ಇರಲಿಲ್ಲ.

“ಚಿಂತಿ ಮಾಡಬ್ಯಾಡ್ರಿ ಬೇಗಂ. ನಿಮಗೂ ಸಿಗ್ತದ.”

“ಸಿಕ್ಕರ ಸಾಕ್ರಿ. ಹುಡುಗಿ ಸಾಲಿ ಬಿಡಿಸೀನಿ.”

“ಪೂರಾ ಸಿಗ್ತದ. ನಾ ಹೇಳಾಕತ್ತೀನಲ್ಲ.”

ಒಳಗೆ ನ್ಯಾಯಾಧೀಶರು ಛಾಪಾ ಕಾಗದ ಓದಿ ತಲೆಯೆತ್ತಿದರು. “ಖಂಡಪ್ಪನ ವಾರಸುದಾರರು ನೀವಿಬ್ಬರೇ?”

“ನಾವ ರೀ ಸಾಹೇಬ್ರ.”

“ಜಮೀನು, ಟ್ರ್ಯಾಕ್ಟರು ನಿಮ್ಮ ವಶದಲ್ಲೇ ಇವೆಯೆ?”

“ನಮ್ಮ ಕಡೀನೇ ಅವ ರೀ. ಎಲ್ಲದಕ್ಕೂ ನಾವ.”

“ಆಮೇಲೆ ಮಾತು ಬದಲಿಸಬಾರದು.”

“ಗಂಡಸರ ಮಾತು ರೀ!” ಎಂದು ಈಶಪ್ಪನೂ ಬಾಯಿ ಹಾಕಿದ.

ನ್ಯಾಯಾಧೀಶರು ಸೂಗಮ್ಮನ ಕಡೆ ತಿರುಗಿದರು. “ನೋಟೀಸು ನಿಮ್ಮ ಹೆಸರಿಗೂ ಹೋಗಿದೆ. ನೀವು ಖಂಡಪ್ಪನ ಹೆಂಡತಿಯಲ್ಲ ಎನ್ನುತ್ತಾರೆ ಇವರು. ನೀವೇನು ಹೇಳುತ್ತೀರಿ?”

ಬಸವಂತ್ರಾಯ ಅವಳ ಬಾಯನ್ನೇ ನೋಡಿದ. ಒಂದು ವರ್ಷದಿಂದ ‘ಹೇಂತಿ’ ಎನ್ನಿಸಿಕೊಳ್ಳಲು ಕಂಡಕಂಡವರ ಬಾಗಿಲು ಬಡಿದವಳು, ಈಗ ಬಿಡುತ್ತಾಳೆಯೆ?

ಸೂಗಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡಳು. ಒಂಬತ್ತು ವರ್ಷದ ಸಂಸಾರವನ್ನು ಸ್ವಂತ ಬಾಯಿಂದ ಇಲ್ಲವೆನ್ನುವುದು ಅವಳಿಗೆ ಸಾಯುವಷ್ಟು ಕಷ್ಟವಾಯಿತು.

“ಭಾವಾರು ಹೇಳಿದ್ದ ಖರೇ ರೀ. ನಾ ಅವನಿಗೆ ಯಾರೂ ಅಲ್ಲ.”

“ಸರಿ. ನಿಮ್ಮ ಹೆಸರು ಕೈಬಿಟ್ಟಿದೆ. ಹೋಗಬಹುದು.”

ಬಸವಂತ್ರಾಯ ಹಿಗ್ಗಿದ. ಹಣ ಕೈಗೆ ಬಂದ ಮೇಲೆ ಪಾಪ, ಇವಳಿಗೊಂದು ಸೀರೆ ಕೊಡಿಸಿದರಾಯಿತು ಅಂದುಕೊಂಡ. ಅಗ್ಗದ್ದು.

ನ್ಯಾಯಾಧೀಶರು ನೋಟೀಸಿನ ಪ್ರತಿಯನ್ನು ಅವನ ಮುಂದೆ ಹಿಡಿದರು. “ಖಂಡಪ್ಪನ ಟ್ರ್ಯಾಕ್ಟರಿಗೆ ವಿಮೆ ಇರಲಿಲ್ಲ. ಆದ್ದರಿಂದ, ಅವನು ಗುದ್ದಿ ಕೊಂದ ಮಾಸ್ತರರ ಸಾವಿಗೆ ಗೌಹರಬೇಗಂ ಕೇಳಿರುವ ಹದಿನಾರು ಲಕ್ಷಕ್ಕೆ ಇನ್ನು ಮುಂದೆ ಹೊಣೆ ಅವನ ವಾರಸುದಾರರಾದ ನೀವಿಬ್ಬರೇ.”